ಪಾಲಿನ ದಾವೆಯೂ ಪರಿಗ್ರಹ ಪರಿಮಾಣವೂ

ಪರಿಗ್ರಹ ಪರಿಮಾಣ ಅಣುವ್ರತದ ಅತಿಚಾರಗಳನ್ನು ಹೇಳುವಾಗ ಉಮಾಸ್ವಾಮಿ ಆಚಾರ್ಯರು ತತ್ತ್ವಾರ್ಥಸೂತ್ರದಲ್ಲಿ ಮೊದಲು ಹೆಸರಿಸಿದ್ದು ಕ್ಷೇತ್ರವಾಸ್ತುಗಳನ್ನು, ಎಂದರೆ ಹೊಲವನ್ನೂ ಮನೆಯನ್ನೂ. ಬೆಳ್ಳಿಬಂಗಾರ, ದನಕರು, ಧಾನ್ಯಗಳು ಆಮೇಲೆ ಬಂದವು. ಬೆಳಗಾವಿ ಸೀಮೆಯಲ್ಲಿ ಒಕ್ಕಲುತನ ಮಾಡುವ ಶ್ರಾವಕ ಕುಟುಂಬಗಳಿಗೆ ಈ ಕ್ರಮದ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಬಂಗಾರಕ್ಕಾಗಿ ಮುನಿದ ಅಣ್ಣತಮ್ಮಂದಿರು ಮದುವೆಯ ಹಂದರದಲ್ಲಿ ಮತ್ತೆ ಕೂಡುವುದುಂಟು. ಬದುವಿಗಾಗಿ ಮುನಿದವರು ಕೂಡುವುದು ಅಪರೂಪ.

ವ್ರತಸ್ಥನಾದ ಗೃಹಸ್ಥನು ಒಡಹುಟ್ಟಿದವರ ಮೇಲೆ ಪಾಲಿನ ದಾವೆ ಹೂಡಬಹುದೆ? ಈ ಪ್ರಶ್ನೆಗೆ ಸಿದ್ಧ ಉತ್ತರವಾಗಿ ಬಾಹುಬಲಿ ಸ್ವಾಮಿಯ ಕಥೆಯನ್ನು ಹೇಳುವುದು ವಾಡಿಕೆ. ಗೆದ್ದ ರಾಜ್ಯವನ್ನು ಬಿಟ್ಟು ನಡೆದ ಆ ಮಹಾಪುರುಷನ ತ್ಯಾಗ ವಂದನೀಯವೇ ಸರಿ. ಆದರೆ ಆತನು ತ್ಯಜಿಸಿದ್ದು ಬರಿಯ ರಾಜ್ಯವನ್ನಲ್ಲ, ಗೃಹಸ್ಥ ಜೀವನವನ್ನೇ. ನಾಲ್ಕು ಎಕರೆಯ ಹುಟ್ಟುವಳಿಯಲ್ಲಿ ಮಕ್ಕಳನ್ನು ಸಲಹಬೇಕಾದ ತಮ್ಮನಿಗೆ, ಪಾಲು ಕೊಡದೆ ಕುಳಿತ ಅಣ್ಣನೇ ಈ ಕಥೆಯನ್ನು ಹೇಳತೊಡಗಿದರೆ ಅದು ಧರ್ಮೋಪದೇಶವಾಗಲಾರದು.

ವಾಸ್ತವದಲ್ಲಿ ಪಾಲು ಕೇಳುವುದು ವ್ರತಕ್ಕೆ ವಿರುದ್ಧವಲ್ಲ. ಒಂದು ದೃಷ್ಟಿಯಿಂದ ವ್ರತಕ್ಕೆ ಅವಶ್ಯವೂ ಹೌದು. ಪರಿಮಾಣವೆಂದರೆ ಅಳತೆ. ಅವಿಭಕ್ತ ಭೂಮಿಯಲ್ಲಿ ಪ್ರತಿಯೊಬ್ಬ ಪಾಲುದಾರನಿಗೂ ಪ್ರತಿಯೊಂದು ಹೆಂಟೆಯ ಮೇಲೆ ಹಕ್ಕಿರುತ್ತದೆ. ಇಂಥ ತುಂಡು ತನ್ನದೆಂದು ಯಾರೂ ತೋರಿಸಲಾರರು. ತನ್ನದೆಷ್ಟೆಂದು ತಿಳಿಯದವನು ಇಷ್ಟೇ ಸಾಕೆಂದು ಮಿತಿ ಹಾಕಿಕೊಳ್ಳುವುದಾದರೂ ಹೇಗೆ? ಕೂಡಿದ ಮನೆಯ ಹೊಲವನ್ನೆಲ್ಲ ತನ್ನದೆಂದೇ ಎಣಿಸಿ ಮುನಿಗಳ ಎದುರು ವ್ರತ ತೆಗೆದುಕೊಂಡವನು ಅನ್ಯರ ಪಾಲನ್ನು ತನ್ನ ಮಿತಿಯೊಳಗೆ ಸೇರಿಸಿಕೊಂಡಂತಾಯಿತು.

ಆ ಅನ್ಯರಲ್ಲಿ ಬಹುಮಟ್ಟಿಗೆ ಮರೆತುಹೋಗುವವಳು ಮನೆಯ ಮಗಳು. ಜೈನರಿಗೂ ಅನ್ವಯಿಸುವ 1956ರ ಹಿಂದೂ ಉತ್ತರಾಧಿಕಾರ ಕಾಯಿದೆಗೆ ಕರ್ನಾಟಕದಲ್ಲಿ 1994ರಿಂದ ಜಾರಿಗೆ ಬಂದ ತಿದ್ದುಪಡಿಯು, ಅದಕ್ಕೂ ಮೊದಲೇ ಮದುವೆಯಾದ ಹೆಣ್ಣುಮಕ್ಕಳನ್ನು ಹೊರಗಿಟ್ಟಿತ್ತು. 2005ರ ಕೇಂದ್ರ ತಿದ್ದುಪಡಿ ಆ ಭೇದವನ್ನು ತೆಗೆದುಹಾಕಿತು. ಆಗ ತಂದೆ ಬದುಕಿರಬೇಕೆಂಬ ನಿಬಂಧನೆಯೂ ಇಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2020ರಲ್ಲಿ ವಿನೀತಾ ಶರ್ಮ ಪ್ರಕರಣದಲ್ಲಿ ನಿರ್ಣಯಿಸಿತು. ಉದಾಹರಣೆಗೆ, ಪಿತ್ರಾರ್ಜಿತ ಹನ್ನೆರಡು ಎಕರೆ ಹೊಲ, ಇಬ್ಬರು ಗಂಡುಮಕ್ಕಳು, 1985ರಲ್ಲಿ ಮದುವೆಯಾದ ಒಬ್ಬ ಮಗಳು ಎಂದಿಟ್ಟುಕೊಳ್ಳಬಹುದು. ತಾಯಿ ಮೊದಲೇ ತೀರಿಕೊಂಡು, ತಂದೆ 1998ರಲ್ಲಿ ತೀರಿಕೊಂಡರು, ವಾಟ್ನಿಯಾಗಲಿಲ್ಲ. ಹಿಂದಿನ ಲೆಕ್ಕದಂತೆ ತಂದೆಯ ನಾಲ್ಕು ಎಕರೆಯಲ್ಲಿ ಮೂರನೆಯ ಒಂದು ಭಾಗ, ಸುಮಾರು 1 ಎಕರೆ 13 ಗುಂಟೆ ಮಾತ್ರ ಅವಳಿಗೆ ಬರುತ್ತಿತ್ತು. ಇಂದಿನ ಕಾನೂನಿನಂತೆ ಅವಳ ಪಾಲು ಪೂರ್ತಿ ನಾಲ್ಕು ಎಕರೆ.

ಇಲ್ಲಿಯೇ ಸತ್ಯಾಣುವ್ರತದ ಪರೀಕ್ಷೆ. 2004ರ ಡಿಸೆಂಬರ್ 20ಕ್ಕಿಂತ ಮೊದಲು ನೋಂದಾಯಿತ ಪತ್ರದಿಂದ ಅಥವಾ ಕೋರ್ಟಿನ ಡಿಕ್ರಿಯಿಂದ ಆದ ವಿಭಾಗಗಳನ್ನು ಕಾನೂನು ಮುಟ್ಟುವುದಿಲ್ಲ. ಬಾಯಿಮಾತಿನ ವಾಟ್ನಿಯನ್ನು, ಸರಕಾರಿ ದಾಖಲೆಗಳ ಬಲವಾದ ಆಧಾರವಿದ್ದಲ್ಲಿ ಮಾತ್ರ, ಅಪರೂಪಕ್ಕೆ ಒಪ್ಪಬಹುದು. ಆದುದರಿಂದ ಆಗದ ವಾಟ್ನಿಯನ್ನು ಆಯಿತೆಂದು ಹೇಳುವ, ಹಳೆಯ ತಾರೀಖು ಹಾಕಿ ಕಾಗದ ಹುಟ್ಟಿಸುವ ಆಸೆ ಮೂಡುತ್ತದೆ. ಸೂತ್ರಕಾರರು ಸತ್ಯವ್ರತದ ಅತಿಚಾರಗಳಲ್ಲಿ ಕೂಟಲೇಖಕ್ರಿಯೆಯೆಂದು ಹೇಳಿದ್ದು ಇದನ್ನೇ. ಅಕ್ಕನಿಂದ ಹಕ್ಕು ಬಿಡುಗಡೆ ಪತ್ರ ಬರೆಸಿಕೊಳ್ಳುವುದು ಇದಕ್ಕಿಂತ ಸೌಮ್ಯವಾಗಿ ಕಾಣುತ್ತದೆ. ಅವಳು ಮನಃಪೂರ್ವಕವಾಗಿ ಬಿಟ್ಟುಕೊಟ್ಟರೆ ಅದು ದಾನ. ಸಹಿ ಹಾಕದಿದ್ದರೆ ಪಂಚಮಿಗೆ ತವರಿನ ಕರೆ ಬಾರದೆಂಬ ಅಂಜಿಕೆಯಿಂದ ಬಿಟ್ಟರೆ, ಉಪನೋಂದಣಾಧಿಕಾರಿಯ ಮುದ್ರೆ ಬಿದ್ದ ಮಾತ್ರಕ್ಕೆ ಅದತ್ತವಾದದ್ದು ದತ್ತವಾಗುವುದಿಲ್ಲ.

ಹಾಗಾದರೆ ನ್ಯಾಯವಾದ ದಾವೆಯನ್ನು ಹೂಡಿದವನಿಗೆ ದೋಷವೇ ಇಲ್ಲವೆ? ಗೊಮ್ಮಟಸಾರದಲ್ಲಿ ನೇಮಿಚಂದ್ರ ಸಿದ್ಧಾಂತ ಚಕ್ರವರ್ತಿಗಳು ಕಷಾಯಗಳ ವಾಸನಾಕಾಲವನ್ನು ಹೇಳಿದ್ದಾರೆ. ಸಂಜ್ವಲನ ಕಷಾಯದ ವಾಸನೆ ಅಂತರ್ಮುಹೂರ್ತ, ಪ್ರತ್ಯಾಖ್ಯಾನಾವರಣದ್ದು ಒಂದು ಪಕ್ಷ, ಅಪ್ರತ್ಯಾಖ್ಯಾನಾವರಣದ್ದು ಆರು ತಿಂಗಳು, ಅನಂತಾನುಬಂಧಿಯದು ಭವಭವಗಳವರೆಗೆ. ಅಣುವ್ರತಿಯಾದ ಶ್ರಾವಕನ ವೈರ ಹದಿನೈದು ದಿನಗಳನ್ನು ದಾಟಬಾರದೆಂದಾಯಿತು. ದಾವೆಯೋ ಆ ಲೆಕ್ಕಕ್ಕೆ ನಿಲ್ಲುವುದಲ್ಲ. ಮೊದಲು ಪಾಲುಗಳನ್ನು ಘೋಷಿಸುವ ಪ್ರಾಥಮಿಕ ಡಿಕ್ರಿ, ಕಂದಾಯದ ಭೂಮಿಯಾದರೆ ಜಿಲ್ಲಾಧಿಕಾರಿಗಳ ಮೂಲಕ ಅಳತೆ, ಹಂಚಿಕೆ, ಮೇಲೆ ಅಪೀಲುಗಳು. ಪ್ರಾಥಮಿಕ ಡಿಕ್ರಿಯಾದೊಡನೆ, ಬೇರೆ ಅರ್ಜಿಗಾಗಿ ಕಾಯದೆ, ಅಂತಿಮ ಡಿಕ್ರಿಯ ಕಾರ್ಯವನ್ನು ಮುಂದುವರಿಸಬೇಕೆಂದು ಸರ್ವೋಚ್ಚ ನ್ಯಾಯಾಲಯವು 2022ರಲ್ಲಿ ಕೆಳಗಿನ ನ್ಯಾಯಾಲಯಗಳಿಗೆ ಆದೇಶಿಸಬೇಕಾಯಿತೆಂದರೆ ವಿಳಂಬದ ಪರಿ ಊಹಿಸಬಹುದು.

ಚತುರ್ದಶಿಯ ದಿನವೇ ಕೋರ್ಟಿನ ತಾರೀಖು ಬರುವುದುಂಟು. ಅಣ್ಣನೂ ತಮ್ಮನೂ ಉಪವಾಸವಿದ್ದು, ಒಂದೇ ಬಸದಿಯಲ್ಲಿ ದರ್ಶನ ಮಾಡಿ, ಒಂದೇ ಬಸ್ಸಿನಲ್ಲಿ ಮುಖ ತಿರುಗಿಸಿ ಕುಳಿತು ತಾಲ್ಲೂಕು ಊರಿಗೆ ಹೋಗುತ್ತಾರೆ. ಕಷಾಯ, ವಿಷಯ, ಆಹಾರ ಈ ಮೂರನ್ನೂ ಬಿಟ್ಟದ್ದು ಉಪವಾಸ, ಉಳಿದದ್ದು ಲಂಘನವೆಂದು ಹಿರಿಯರು ಹೇಳಿದ್ದಾರೆ. ಆ ದಿನ ಬಿಟ್ಟದ್ದು ಮೂರರಲ್ಲಿ ಒಂದನ್ನು ಮಾತ್ರ. ಕೋರ್ಟಿಗೆ ಹೋಗದಿರುವುದು ಪರಿಹಾರವಲ್ಲ. ಹೋಗದವನ ದಾವೆ ವಜಾ ಆಗಬಹುದು, ಮಕ್ಕಳ ಅನ್ನಕ್ಕೆ ಕುಂದು ಬಂದೀತು. ಆದರೆ ಜತೆಯಾಗಿ ಹೋಗುವವರು ಮಾತಾಡಬಾರದೆಂದು ಯಾವ ಕಾಯಿದೆಯೂ ಹೇಳಿಲ್ಲ. ಲೋಕ ಅದಾಲತ್ತಿನಲ್ಲಿ ರಾಜಿಯಾದರೆ ಅದಕ್ಕೆ ಡಿಕ್ರಿಯ ಬಲವಿರುತ್ತದೆ, ಅಪೀಲು ಇರುವುದಿಲ್ಲ, ಕಟ್ಟಿದ ಕೋರ್ಟು ಶುಲ್ಕವೂ ಮರಳಿ ಬರುತ್ತದೆ.

ದಾವೆ ಮುಗಿಯುವವರೆಗೆ ವ್ರತದ ಮಿತಿಯನ್ನು ಎಷ್ಟೆಂದು ಇಟ್ಟುಕೊಳ್ಳಬೇಕೆಂಬ ಸಂದೇಹವೊಂದು ಉಳಿಯುತ್ತದೆ. ಮೇಲಿನ ಮನೆಯಲ್ಲಿ ಅಣ್ಣನ ವಾದ ಗೆದ್ದರೆ ಅವನಿಗೆ ಆರು ಎಕರೆ, ಸೋತರೆ ನಾಲ್ಕು. ಆರೆಂದು ಇಟ್ಟುಕೊಂಡರೆ ವ್ರತಕ್ಕೆ ಲೆಕ್ಕದಲ್ಲಿ ಭಂಗವಿಲ್ಲ. ಆದರೆ ಆ ಎರಡು ಎಕರೆ ಯಾರದೆಂದು ಕೋರ್ಟು ಹೇಳುವ ಮೊದಲೇ ಅವನಿಗೆ ಗೊತ್ತಿದೆ.