ನೋವು ಮತ್ತು ಅಳತೆಗೋಲು

ಬಹಳ ನೊಂದವನೊಬ್ಬ ಒಂದು ಮಾತು ಹೇಳಿದನೆನ್ನಿ. ಅವನು ನೊಂದಿದ್ದಾನೆಂಬ ಕಾರಣಕ್ಕೆ ಆ ಮಾತು ನಿಜವಾಗುತ್ತದೆಯೇ? ಇಲ್ಲವೆಂದು ಬುದ್ಧಿ ಒಡನೆ ಉತ್ತರಿಸುತ್ತದೆ. ಆದರೆ ಅವನ ಮುಖ ನೋಡಿ 'ನೀನು ಹೇಳುವುದು ತಪ್ಪು' ಎನ್ನಲು ನಾಲಗೆ ಏಳುವುದಿಲ್ಲ. ಈ ಇಕ್ಕಟ್ಟನ್ನು ಕುರಿತು ಯೋಚಿಸುವಾಗಲೆಲ್ಲ ನನಗೆ ನೆನಪಾಗುವವರು ರಷ್ಯದ ಖಗೋಲವಿಜ್ಞಾನಿ ನಿಕೊಲಾಯ್ ಕೊಜಿರೆವ್ (1908-1983).

ಕೊಜಿರೆವ್ ಲೆನಿನ್‌ಗ್ರಾಡ್ ಸಮೀಪದ ಪುಲ್ಕೊವೊ ವೀಕ್ಷಣಾಲಯದಲ್ಲಿದ್ದ ಪ್ರತಿಭಾವಂತ ತರುಣ. ಸ್ಟಾಲಿನ್ ಆಳ್ವಿಕೆಯ ಆ ದಿನಗಳಲ್ಲಿ, 1936ರ ನವೆಂಬರಿನಲ್ಲಿ, ಅವರನ್ನು ಬಂಧಿಸಲಾಯಿತು. ಸೆರೆಮನೆ, ಆಮೇಲೆ ಉತ್ತರದ ಹಿಮಪ್ರದೇಶದ ಶಿಬಿರ. ಬಿಡುಗಡೆಯಾದದ್ದು 1946ರ ಡಿಸೆಂಬರಿನಲ್ಲಿ. ಇಪ್ಪತ್ತೆಂಟರಿಂದ ಮೂವತ್ತೆಂಟರವರೆಗಿನ ವಯಸ್ಸು, ವಿಜ್ಞಾನಿಯ ಬಾಳಿನಲ್ಲಿ ಹೊಂಬೆಳಕಿನ ಕಾಲ, ಹಾಗೆಯೇ ಕಳೆದುಹೋಯಿತು.

ಹನ್ನೆರಡು ವರ್ಷಗಳ ಬಳಿಕ, 1958ರಲ್ಲಿ, ಅವರೊಂದು ವಿಚಿತ್ರ ಸಿದ್ಧಾಂತವನ್ನು ಪ್ರಕಟಿಸಿದರು. ಕಾಲವೆಂದರೆ ಗಡಿಯಾರದ ಎಣಿಕೆಯಷ್ಟೇ ಅಲ್ಲ, ಅದು ಒಂದು ಶಕ್ತಿ. ಕಾರಣದಿಂದ ಕಾರ್ಯದ ಕಡೆಗೆ ಹರಿಯುವ ಅದರ ಪ್ರವಾಹವೇ ನಕ್ಷತ್ರಗಳನ್ನು ಬೆಳಗಿಸುತ್ತದೆ ಎಂದರು. ಹೈಡ್ರೋಜನ್ ಹೀಲಿಯಮ್ ಆಗುವಾಗ ಹೊಮ್ಮುವ ಶಕ್ತಿಯಿಂದ ಸೂರ್ಯ ಉರಿಯುತ್ತಾನೆಂದು ಹಾನ್ಸ್ ಬೆಥೆ 1939ರಲ್ಲೇ ವಿವರಿಸಿದ್ದರು. ಕೊಜಿರೆವ್ ಅದನ್ನು ಒಪ್ಪಲಿಲ್ಲ.

ಸಿದ್ಧಾಂತಕ್ಕೆ ಸಾಕ್ಷ್ಯ ಬೇಕಲ್ಲ? ಅವರು ಅನ್ಯಗ್ರಹಗಳತ್ತ ನೋಡಿದರು. ಕಾಲಕ್ಕೆ ಬಲವಿರುವುದಾದರೆ, ತಿರುಗುವ ಗ್ರಹದ ಉತ್ತರಾರ್ಧ ಮತ್ತು ದಕ್ಷಿಣಾರ್ಧ ಒಂದೇ ಆಕಾರದಲ್ಲಿರಲಾರವು ಎಂಬುದು ಅವರ ತರ್ಕ. ಗುರು ಮತ್ತು ಶನಿಯ ಛಾಯಾಚಿತ್ರಗಳನ್ನು ಅಳೆದರು. ವ್ಯತ್ಯಾಸ ಕಂಡಿತು ಎಂದರು. ತಿರುಗುವ ಬುಗುರಿಯಂಥ ಯಂತ್ರಗಳನ್ನು ತಕ್ಕಡಿಗಿಟ್ಟು ತೂಗಿದರು; ಅಲ್ಲಿಯೂ ಕಾಲದ ಸುಳಿವು ಸಿಕ್ಕಿತು ಎಂದರು.

ಹತ್ತು ವರ್ಷಗಳ ಕಾಲವನ್ನು ಕಳೆದುಕೊಂಡ ಮನುಷ್ಯ ಕಾಲ ವ್ಯರ್ಥವಾಗುವುದಿಲ್ಲ, ಅದು ನಕ್ಷತ್ರಗಳಿಗೆ ಎಣ್ಣೆಯಾಗುತ್ತದೆ ಎಂದರೆ ಯಾರ ಕಣ್ಣು ತೇವವಾಗದು? ಆದರೆ ಆ ಎರಡರ ನಡುವೆ ನೂಲು ಎಳೆಯುವುದು ನಮ್ಮ ಮನಸ್ಸು. ಕತೆ ಸುಂದರವಾದಷ್ಟೂ ಅದರ ಬಗ್ಗೆ ಎಚ್ಚರ ಬೇಕು.

1960ರಲ್ಲಿ ಇದನ್ನು ಪರಿಶೀಲಿಸಲು ಒಂದು ಸಮಿತಿ ನೇಮಕವಾಯಿತು. ಗ್ರಹಗಳ ಛಾಯಾಚಿತ್ರಗಳನ್ನು ಮತ್ತೆ ಅಳೆದರು. ಶನಿಯಲ್ಲಿ ವ್ಯತ್ಯಾಸವೇ ಸಿಗಲಿಲ್ಲ. ಗುರುವಿನಲ್ಲಿ ಕಂಡದ್ದು ಗ್ರಹದ ಆಕಾರದ ವ್ಯತ್ಯಾಸವಲ್ಲ. ಮೈಮೇಲಿನ ಮೋಡದ ಪಟ್ಟೆಗಳು ಉತ್ತರ ದಕ್ಷಿಣಗಳಲ್ಲಿ ಸಮನಾಗಿ ಹರಡಿಲ್ಲವಾದ್ದರಿಂದ ಹಾಗೆ ತೋರಿತ್ತು. ಅನ್ಯಗ್ರಹದಲ್ಲಿ ಕಾಲದ ಶಕ್ತಿಯ ಸಮೀಕ್ಷೆ ಕಟ್ಟುಕತೆಯಾಗಿಯೇ ಉಳಿಯಿತು. ಸೂರ್ಯನ ಒಡಲಿನಿಂದ ಬರುವ ನ್ಯೂಟ್ರಿನೋ ಕಣಗಳನ್ನು ಹಿಡಿದ ಮುಂದಿನ ಪ್ರಯೋಗಗಳು ಬೆಥೆಯ ದಾರಿಯೇ ಸರಿಯೆಂದು ತೋರಿಸಿದವು.

ಹಾಗಾದರೆ ನೊಂದವನಿಗೆ ಇನ್ನೊಮ್ಮೆ ಅನ್ಯಾಯವಾಯಿತೇ? ಇಲ್ಲವೆಂದೇ ನನ್ನ ಭಾವನೆ. 1936ರಲ್ಲಿ ಅವರ ಮಾತನ್ನು ಯಾರೂ ತೂಗಿ ನೋಡಲಿಲ್ಲ, ಅವರನ್ನೇ ಒಯ್ದರು. 1960ರಲ್ಲಿ ಅವರನ್ನು ಬಿಟ್ಟು ಅವರ ಮಾತನ್ನು ಅಳೆದರು. ಅನ್ಯಾಯಕ್ಕೂ ತಿದ್ದುಪಡಿಗೂ ಇರುವ ಅಂತರ ಇಷ್ಟೇ. ಪಾಪವೆಂದು ತಲೆಯಾಡಿಸಿ ಸುಮ್ಮನಾಗುವುದು ಕರುಣೆಯಂತೆ ಕಂಡರೂ ಒಳಗೆ ಅಸಡ್ಡೆಯೇ. ಒಬ್ಬನ ಮಾತನ್ನು ಮತ್ತೆ ಅಳೆಯುವ ಶ್ರಮ ವಹಿಸುವುದು ಅವನಿಗೆ ಸಲ್ಲಿಸುವ ಗೌರವ.

ಗಡಿಯಲ್ಲಿ ಬಾಳುವ ನಮಗೂ ಇದು ದೂರದ ಗ್ರಹದ ಮಾತಲ್ಲ. 1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿತು. ಚಂದ್ರಗಿರಿ ಹೊಳೆಯ ಉತ್ತರದ ಭಾಗ ಮೈಸೂರಿಗೆ ಸೇರಬೇಕೆಂದು ಮಹಾಜನ್ ಆಯೋಗ 1967ರಲ್ಲಿ ಶಿಫಾರಸು ಮಾಡಿತು, ಅದು ಜಾರಿಯಾಗಲಿಲ್ಲ. ಇವು ದಾಖಲೆಯ ಮಾತುಗಳು, ನಮ್ಮ ನೋವಿಗೆ ಆಧಾರವಿದೆ. ಆದರೆ ಆ ನೋವಿನ ಬಲದಿಂದ ನಾವು ಆಡುವ ಎಲ್ಲ ಮಾತುಗಳಿಗೂ ಆಧಾರವಿದೆಯೇ? ಕನ್ನಡ ತರಗತಿಯಲ್ಲಿ ಮಕ್ಕಳು ಕಡಿಮೆಯಾದರೆ ನೆರೆಮನೆಯ ಮಲಯಾಳಿಯತ್ತ ಬೆರಳು ತೋರಿಸುವುದು ಸುಲಭ. ನಮ್ಮದೇ ಮಕ್ಕಳಲ್ಲಿ ಎಷ್ಟು ಮಂದಿಯನ್ನು ನಾವೇ ಇಂಗ್ಲಿಷ್ ಮಾಧ್ಯಮದ ವಾಹನ ಹತ್ತಿಸಿದ್ದೇವೆಂದು ಎಣಿಸುವುದು ಕಷ್ಟ. ಗುರುಗ್ರಹದ ಪಟ್ಟೆಗಳಂತೆ ಕೆಲವು ಗೆರೆಗಳು ನಿಜವಾಗಿಯೂ ಅಲ್ಲಿವೆ. ಆದರೆ ಅವುಗಳ ಅರ್ಥ ನಾವು ತಿಳಿದಂತೆಯೇ ಇರಬೇಕಾಗಿಲ್ಲ.

ನೋವಿಗೆ ಕೇಳಿಸಿಕೊಳ್ಳುವ ಕಿವಿ ಬೇಕು, ಅದು ಅದರ ಹಕ್ಕು. ಅಳತೆಗೋಲಿನಿಂದ ವಿನಾಯಿತಿ ಮಾತ್ರ ಅದರ ಹಕ್ಕಲ್ಲ. ಅಳೆದಾಗ ಉಳಿಯುವ ಮಾತನ್ನು ಮುಂದೆ ಯಾರೂ ತಳ್ಳಿಹಾಕಲಾರರು. ಕೊಜಿರೆವ್ ಅವರ ಸಿದ್ಧಾಂತ ಹಾಗೆ ಉಳಿಯಲಿಲ್ಲ. ಅವರಿಂದ ಕಸಿದುಕೊಂಡ ಹತ್ತು ವರ್ಷಗಳ ಲೆಕ್ಕ ಉಳಿದಿದೆ. ಅದನ್ನು ಸಾಬೀತುಪಡಿಸಲು ಯಾವ ಗ್ರಹದ ಸಾಕ್ಷ್ಯವೂ ಬೇಕಾಗಿಲ್ಲ.