ಬಿರುಕಿಗೊಂದು ಜಾಗ

1891ರಲ್ಲಿ ಅಮೆರಿಕದ ಒಹಾಯೊ ರಾಜ್ಯದ ಬೆಲ್‌ಫೌಂಟೇನ್ ಊರಿನಲ್ಲಿ ಜಾರ್ಜ್ ಬಾರ್ಥೊಲೊಮ್ಯೂ ಕಾಂಕ್ರೀಟ್ ರಸ್ತೆ ಹಾಕಲು ಹೊರಟಾಗ ಊರಿನವರಿಗೆ ನಂಬಿಕೆ ಇರಲಿಲ್ಲ. ಐದು ವರ್ಷದ ಬಾಳಿಕೆಗೆ ಆತ 5,000 ಡಾಲರಿನ ಮುಚ್ಚಳಿಕೆ ಬರೆದುಕೊಟ್ಟ. ರಸ್ತೆಯನ್ನು ಒಂದೇ ಹಾಸಾಗಿ ಎರೆಯದೆ ಸುಮಾರು ಐದಡಿಯ ಚೌಕಗಳಾಗಿ ಎರೆದ.

ಕಾಂಕ್ರೀಟ್ ಒಣಗುತ್ತ ಕುಗ್ಗುತ್ತದೆ, ಕೆಳಗಿನ ನೆಲ ಅದನ್ನು ಹಿಡಿದಿಡುತ್ತದೆ. ಭಾರ ಹೊರುವಷ್ಟು ಸುಲಭವಾಗಿ ಅದು ಎಳೆತವನ್ನು ತಾಳದು, ಕೊನೆಗೆ ಸೀಳುತ್ತದೆ. ಇದನ್ನು ಬಲ್ಲ ಮೇಸ್ತ್ರಿ ಮನೆಮುಂದಿನ ನಾಲ್ಕಿಂಚಿನ ಹಾಸಿನಲ್ಲಿ ಎಂಟು-ಹತ್ತು ಅಡಿಗೊಂದರಂತೆ ಒಂದಿಂಚು ಆಳದ ಗೀರು ಕೊಯ್ಯುತ್ತಾನೆ. ಅವಸರಪಟ್ಟರೆ ಗರಗಸಕ್ಕೆ ಅಂಚಿನ ಜಲ್ಲಿ ಕಿತ್ತು ಬರುತ್ತದೆ. ಒಂದು ದಿನ ತಡೆದರೆ ಹಾಸು ತನಗೆ ತೋಚಿದ ಕಡೆ ಸೀಳಿರುತ್ತದೆ. ಗೀರಿನಿಂದ ಕುಗ್ಗುವಿಕೆ ಎಳ್ಳಷ್ಟೂ ಕಡಿಮೆಯಾಗುವುದಿಲ್ಲ. ಸೀಳು ಗೀರಿನ ತಳದಲ್ಲೇ ನೇರವಾಗಿ ಇಳಿಯುತ್ತದೆ, ಅಷ್ಟೆ.

ಸತ್ತವರು ಮರಳಿ ಬರುವುದಿಲ್ಲ, ದುಃಖ ತಪ್ಪುವುದಿಲ್ಲ; ಹಾಗಿದ್ದ ಮೇಲೆ ಶೋಕದ ವಿಧಿಗಳೇಕೆ? ವಿಚಾರವಾದಿಗಳ ಈ ಹಳೆಯ ಪ್ರಶ್ನೆಗೆ ಗೀರಿನಲ್ಲಿ ಉತ್ತರದ ಒಂದು ಎಳೆಯಿದೆ. ವಿಧಿ ದುಃಖವನ್ನು ಅಳಿಸುತ್ತದೆಂದು ಹೇಳುವವರು ತಪ್ಪು ಭರವಸೆ ಕೊಡುತ್ತಾರೆ. ಅದು ಮಾಡುವ ಕೆಲಸ ಬೇರೆ: ಅಳುವುದಕ್ಕೆ ದಿನ, ಜಾಗ, ಜೊತೆಗೆ ಜನ. ಯಹೂದಿ ಮನೆಗಳಲ್ಲಿ ‘ಶಿವಾ’ದ ಏಳು ದಿನ ಹತ್ತಿರದವರು ತಗ್ಗಿನ ಆಸನದಲ್ಲಿ ಕೂರುತ್ತಾರೆ, ಊಟ ನೆರೆಹೊರೆಯಿಂದ ಬರುತ್ತದೆ. ಇಲ್ಲೂ ತಡಮಾಡುವಂತಿಲ್ಲ, ಮಣ್ಣು ಮಾಡಿದೊಡನೆ ಆ ದಿನಗಳು ಶುರುವಾಗುತ್ತವೆ.

ಆದರೆ ಕೆಳಗಿನ ಮಣ್ಣು ಕುಸಿದರೆ, ಮರದ ಬೇರು ಹಾಸನ್ನೇ ಎತ್ತಿದರೆ ಗೀರು ಸಾಲದು. ಕೆಲವು ಸಾವುಗಳೂ ಹಾಗೆಯೇ. ಸಂಪ್ರದಾಯಕ್ಕೂ ಇದು ಗೊತ್ತಿದ್ದಂತಿದೆ: ಏಳು ದಿನ ಕಳೆದ ಮೇಲೂ ಮೂವತ್ತನೆಯ ದಿನದವರೆಗೆ ಶೋಕಕ್ಕೆ ಎಡೆಯಿದೆ, ತಂದೆತಾಯಿಯರಿಗಾದರೆ ಹನ್ನೆರಡು ತಿಂಗಳು.