ಯುದ್ಧ ಬೇಡವೆಂದರೆ ಬೆಲೆ ತೆರುವವರು ಯಾರು?

ಈಚೆಗೆ ನಮ್ಮ ಸಂಘದ ಚರ್ಚಾಕೂಟದಲ್ಲಿ ಹಿರಿಯರೊಬ್ಬರು ಒಂದು ಪ್ರಶ್ನೆ ಎತ್ತಿದರು: "ಯುದ್ಧ ಕೆಟ್ಟದ್ದೆಂದು ಎಲ್ಲರೂ ಒಪ್ಪುತ್ತೀರಿ, ಸರಿ. ಅದನ್ನು ಬಿಟ್ಟರೆ ಅನ್ಯಾಯಕ್ಕೊಳಗಾದವನು ಮಾಡಬೇಕಾದದ್ದೇನು, ಅದನ್ನು ಹೇಳಿ." ಪಂಪನನ್ನು ಚೆನ್ನಾಗಿ ಓದಿಕೊಂಡ ಮಿತ್ರರೊಬ್ಬರು ಒಡನೆಯೇ ಆದಿಪುರಾಣದ ಭರತ-ಬಾಹುಬಲಿ ಪ್ರಸಂಗವನ್ನು ನೆನಪಿಸಿದರು. ಸೇನೆಗಳೆರಡೂ ಎದುರುಬದುರು ನಿಂತಾಗ ಮಂತ್ರಿಗಳು ನಡುವೆ ಬರುತ್ತಾರೆ. ಜಗಳ ಅಣ್ಣತಮ್ಮಂದಿರದು, ಸೈನಿಕರು ಸಾಯುವುದೇಕೆಂದು ಯೋಚಿಸಿ ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ ಎಂಬ ಮೂರು ದಾರಿಗಳನ್ನು ಮುಂದಿಡುತ್ತಾರೆ. ಸಾವಿರ ವರ್ಷಗಳ ಹಿಂದೆಯೇ ನಮ್ಮ ಕವಿ ಯುದ್ಧಕ್ಕೆ ಬದಲಿಯನ್ನು ತೋರಿಸಿದ್ದಾನಲ್ಲಾ ಎಂದು ಸಭೆಗೆ ಸಂತೋಷವಾಯಿತು. ನಮಗೂ ಆಯಿತು. ಆದರೆ ಅಲ್ಲಿ ಇಬ್ಬರೂ ಅರಸರು, ಇಬ್ಬರೂ ಸರಿಸಮಾನರು. ಒಬ್ಬನ ಕೈಯಲ್ಲಿ ಎಲ್ಲವೂ ಇದ್ದು ಇನ್ನೊಬ್ಬನಿಗೆ ಬೀದಿಯಲ್ಲಿ ನಡೆಯುವ ಹಕ್ಕೂ ಇಲ್ಲದಿದ್ದರೆ?

ಈ ಪ್ರಶ್ನೆಯನ್ನು ತಲೆಯಲ್ಲಿಟ್ಟುಕೊಂಡೇ ನಾವು ಮೊನ್ನೆ ಕೇರಳ ಪ್ರವಾಸ ಹೊರಟೆವು. ಕೊಚ್ಚಿಯಲ್ಲಿ ನಮ್ಮ ನೌಕಾಪಡೆಯ ದಕ್ಷಿಣ ಕಮಾಂಡ್ ಇದೆ. ತಿರುವನಂತಪುರದಲ್ಲಿ ವಾಯುಪಡೆಯ ದಕ್ಷಿಣ ಕಮಾಂಡ್. ಈ ಎರಡು ಊರುಗಳ ನಡುವೆ, ಕೊಚ್ಚಿಗೆ ಸಮೀಪವಾಗಿ, ವೇಂಬನಾಡು ಹಿನ್ನೀರಿನ ದಡದಲ್ಲಿ ವೈಕಂ ಎಂಬ ದೇವಸ್ಥಾನದ ಊರು.

ಈ ನಾಡು ಯುದ್ಧವನ್ನು ಕಾಣದ್ದಲ್ಲ. 1808ರ ಡಿಸೆಂಬರಿನಲ್ಲಿ ತಿರುವಾಂಕೂರಿನ ದಳವಾಯಿ ವೇಲುತಂಬಿಯೂ ಕೊಚ್ಚಿಯ ಮಂತ್ರಿ ಪಾಲಿಯತ್ತಚ್ಚನ್ನನೂ ಒಂದಾಗಿ, ಕೊಚ್ಚಿಯಲ್ಲಿದ್ದ ಬ್ರಿಟಿಷ್ ರೆಸಿಡೆಂಟ್ ಮೆಕಾಲೆಯ ಮನೆಯ ಮೇಲೆ ಜನ ನುಗ್ಗಿಸಿದರು. ಮೆಕಾಲೆ ತಪ್ಪಿಸಿಕೊಂಡ. ಕೆಲವೇ ತಿಂಗಳಲ್ಲಿ ಎಲ್ಲ ಮುಗಿಯಿತು. ವೇಲುತಂಬಿ ಮಣ್ಣಡಿಯಲ್ಲಿ ಪ್ರಾಣ ನೀಗಿಕೊಂಡ. ಅವನ ಹೆಣವನ್ನು ತಿರುವನಂತಪುರದ ಕಣ್ಣಮ್ಮೂಲೆಗೆ ತಂದು ತೂಗುಹಾಕಿದರು. ಅವನ ಶೌರ್ಯವನ್ನು ನಾವು ಹಗುರವಾಗಿ ಕಾಣುವುದಿಲ್ಲ. ಆದರೆ ಆಲಪ್ಪುಳದ ಬಳಿ ಕೈಸೆರೆ ಸಿಕ್ಕ ಸೈನಿಕರನ್ನು ಕೊಂದದ್ದೂ ಅದೇ ಹೋರಾಟದ ಭಾಗ. ಗೆದ್ದಿದ್ದರೂ ಈಳವರಿಗೋ ಪುಲಯರಿಗೋ ಒಂದು ಬೀದಿ ತೆರೆಯುತ್ತಿತ್ತೆಂದು ನಮಗೆ ಅನಿಸುವುದಿಲ್ಲ.

ಆ ಬೀದಿಯ ಮಾತು ಬಂದದ್ದು 1924ರಲ್ಲಿ. ವೈಕಂ ಮಹಾದೇವ ದೇವಸ್ಥಾನದ ಸುತ್ತಲಿನ ದಾರಿಗಳಲ್ಲಿ ಕೆಳಜಾತಿಯವರೆನಿಸಿಕೊಂಡವರು ನಡೆಯಕೂಡದೆಂಬ ನಿಷೇಧವಿತ್ತು. ಮಾರ್ಚ್ 30ರಂದು ಒಬ್ಬ ಪುಲಯ, ಒಬ್ಬ ಈಳವ, ಒಬ್ಬ ನಾಯರ್ ಜೊತೆಯಾಗಿ ನಿಷೇಧದ ಹಲಗೆಯವರೆಗೆ ನಡೆದು, ಅದನ್ನು ದಾಟಿ ಸೆರೆಯಾದರು. ಮರುದಿನ ಮತ್ತೆ ಮೂವರು. ಹೀಗೆ ಆರಂಭವಾದದ್ದು 603 ದಿನ ನಡೆಯಿತು. ಆ ವರ್ಷದ ಮಹಾಪೂರವನ್ನು ಮಲಯಾಳಿಗಳು ಇಂದಿಗೂ 'ತೊಂಬತ್ತೊಂಬತ್ತರ ಪ್ರಳಯ'ವೆನ್ನುತ್ತಾರೆ, ಅವರ ಕೊಲ್ಲಂ ವರ್ಷದ ಲೆಕ್ಕದಲ್ಲಿ. ಆಗ ಪೊಲೀಸರು ದೋಣಿಯಲ್ಲಿ ಕುಳಿತು ಕಾವಲು ಕಾದರು, ಸತ್ಯಾಗ್ರಹಿಗಳು ನೀರಿನಲ್ಲಿಯೇ ನಿಂತರು. ಕಿಡಿಗೇಡಿಗಳು ಸತ್ಯಾಗ್ರಹಿಯೊಬ್ಬರ ಕಣ್ಣಿಗೆ ಸುಣ್ಣ ಹಚ್ಚಿ ಕುರುಡಾಗಿಸಿದರು. ಯಾರೂ ಕೈ ಎತ್ತಲಿಲ್ಲ.

ಇಲ್ಲೇ ನಮಗೆ ತೊಡಕು. ಯುದ್ಧದಲ್ಲಿ ನೋವನ್ನು ಎದುರಾಳಿಯ ಮೇಲೆ ಹೇರುತ್ತೇವೆ. ಇಲ್ಲಿ ತಲೆತಲಾಂತರದಿಂದ ನೊಂದವನಿಗೇ ಇನ್ನಷ್ಟು ನೋಯಿಸಿಕೋ ಎನ್ನುತ್ತೇವೆ. ಇದು ನ್ಯಾಯವೇ? ಈ ಅಳುಕು ನಮ್ಮದೊಂದೇ ಅಲ್ಲ. ಶ್ರೀ ನಾರಾಯಣ ಗುರುಗಳು ಮಳೆಯಲ್ಲಿ ನೆನೆಯುತ್ತ ನಿಂತು ಪ್ರಯೋಜನವೇನು, ಅಡ್ಡಗಟ್ಟನ್ನು ಹತ್ತಿ ಒಳಗೆ ನಡೆಯಬೇಕೆಂಬ ಅರ್ಥದ ಮಾತನ್ನಾಡಿದ್ದರು. ಗಾಂಧೀಜಿಗೆ ಅದು ಒಪ್ಪಿಗೆಯಾಗಲಿಲ್ಲ. ಹಾಗೆಂದು ಗುರುಗಳೇನೂ ದೂರ ನಿಲ್ಲಲಿಲ್ಲ. ವೈಕಂನ ತಮ್ಮ ಮಠವನ್ನೇ ಸತ್ಯಾಗ್ರಹಿಗಳಿಗೆ ಬಿಟ್ಟುಕೊಟ್ಟರು, ಸಾವಿರ ರೂಪಾಯಿ ನಿಧಿಗೆ ಕೊಟ್ಟರು. ಭಿನ್ನಾಭಿಪ್ರಾಯವಿಟ್ಟುಕೊಂಡೇ ಜೊತೆಗಿರುವ ಈ ಪರಿ ನಮ್ಮ ಸಂಘ-ಸಂಸ್ಥೆಗಳಿಗೂ ಸ್ವಲ್ಪ ಬಂದರೆ ಚೆನ್ನಿತ್ತು.

1925ರ ಮಾರ್ಚಿನಲ್ಲಿ ಗಾಂಧೀಜಿ ವೈಕಂಗೆ ಬಂದು, ದೇವಸ್ಥಾನದ ಪರವಾಗಿ ಮಾತನಾಡುತ್ತಿದ್ದ ನಂಬೂದಿರಿಗಳನ್ನು ಇಂಡಂತುರುತ್ತಿ ಮನೆಯಲ್ಲಿ ಕಂಡರು. ಬ್ರಾಹ್ಮಣರಲ್ಲವೆಂದು ಅವರನ್ನು ಹೊರಗೇ ಕೂರಿಸಿದರಂತೆ. ಅವರೂ ಮೂರು ದಾರಿಗಳನ್ನೇ ಮುಂದಿಟ್ಟರು: ಸವರ್ಣರ ಮತ ಸಂಗ್ರಹ, ಪಂಡಿತರಿಂದ ಶಾಸ್ತ್ರವಿಚಾರ, ಮಧ್ಯಸ್ಥರ ತೀರ್ಪು. ಪಂಪನ ಮಂತ್ರಿಗಳ ಮಾತನ್ನು ಭರತ ಬಾಹುಬಲಿ ಇಬ್ಬರೂ ಕೇಳಿದರು. ಇಲ್ಲಿ ಒಂದಕ್ಕೂ ಒಪ್ಪಿಗೆ ಸಿಗಲಿಲ್ಲ. ಬಲವುಳ್ಳವನು ಪಂಚಾಯ್ತಿಗೆ ಬರಲೊಲ್ಲೆನೆಂದರೆ ಪಂಚಾಯ್ತಿಯೆಂಬ ಬದಲಿ ಇಲ್ಲವೇ ಇಲ್ಲ. (ಆ ಮನೆ ಮುಂದೆ ಶೇಂದಿ ಇಳಿಸುವ ಕಾರ್ಮಿಕರ ಸಂಘದ ಕಚೇರಿಯಾಯಿತು.)

ನಮ್ಮ ಅಳುಕಿಗೆ ಒಂದಿಷ್ಟು ಸಮಾಧಾನ ದೊರೆತದ್ದು ಬೇರೆಡೆ. 1924ರ ನವೆಂಬರಿನಲ್ಲಿ ಮನ್ನತ್ತು ಪದ್ಮನಾಭನ್ ಅವರ ಮುಂದಾಳುತನದಲ್ಲಿ ಸವರ್ಣರ ಜಾಥಾ ಒಂದು ವೈಕಂನಿಂದ ತಿರುವನಂತಪುರಕ್ಕೆ ಕಾಲ್ನಡಿಗೆಯಲ್ಲಿ ಹೋಯಿತು. ಇಪ್ಪತ್ತೈದು ಸಾವಿರದಷ್ಟು ಸವರ್ಣರ ಸಹಿಯಿದ್ದ ಮನವಿಯನ್ನು ರಾಜಪ್ರತಿನಿಧಿ ಮಹಾರಾಣಿ ಸೇತು ಲಕ್ಷ್ಮೀಬಾಯಿಯವರಿಗೆ ಒಪ್ಪಿಸಿತು. ಬೀದಿ ಅವರಿಗೆ ತೆರೆದೇ ಇತ್ತು. ನಡೆಯಬೇಕಾದ ಗರಜು ಅವರಿಗಿರಲಿಲ್ಲ. ಸುಖವಾಗಿದ್ದವನು ತಾನಾಗಿ ಬೆಲೆಯ ಒಂದು ಪಾಲನ್ನು ಹೊತ್ತದ್ದು ಅಲ್ಲಿಯೇ. ಹಾಗೆ ಹೊರದೆ, ದೂರದಲ್ಲಿ ಕುಳಿತು ನೊಂದವನಿಗೆ ಶಾಂತಿ ಬೋಧಿಸುವುದು ನಮ್ಮ ದೃಷ್ಟಿಯಲ್ಲಿ ಅನ್ಯಾಯಕ್ಕೆ ಇನ್ನೊಂದು ಕಾವಲು. ಇಷ್ಟಾಗಿಯೂ 1925ರ ಫೆಬ್ರವರಿಯಲ್ಲಿ ಶಾಸನಸಭೆಯ ಮುಂದೆ ಬಂದ ನಿರ್ಣಯ 21ಕ್ಕೆ 22ರಂತೆ ಒಂದೇ ಮತದಿಂದ ಬಿದ್ದುಹೋಯಿತು!

ಆ ನವೆಂಬರಿನಲ್ಲಿ ಸತ್ಯಾಗ್ರಹ ಮುಗಿದಾಗ ಮೂರು ದಿಕ್ಕಿನ ಬೀದಿಗಳು ತೆರೆದವು, ಪೂರ್ವದ್ದು ತೆರೆಯಲಿಲ್ಲ. ತಿರುವಾಂಕೂರಿನಲ್ಲಿ ದೇವಸ್ಥಾನದ ಬಾಗಿಲು ಎಲ್ಲರಿಗೂ ತೆರೆದದ್ದು 1936ರ ನವೆಂಬರ್ 12ರ ಘೋಷಣೆಯಿಂದ. ಕೊಚ್ಚಿಯವರು 1947ರ ವರೆಗೆ ಕಾಯಬೇಕಾಯಿತು. ಈ ನಡುವೆ ಮುದುಕರಾಗಿ ಸತ್ತವರ ಪಾಲಿಗೆ ಕಾಯುವುದೂ ಒಂದು ದಂಡವೇ. ಸತ್ಯಾಗ್ರಹವನ್ನು ಹೊಗಳುವವರು ಈ ಲೆಕ್ಕವನ್ನು ಬಿಡಬಾರದು. ಯುದ್ಧದ ಪರ ಮಾತನಾಡುವವರೂ ತಮ್ಮ ಲೆಕ್ಕವನ್ನು ಹೀಗೆಯೇ ಒಪ್ಪಿಸಬೇಕು, ಕಣ್ಣಮ್ಮೂಲೆಯದನ್ನೂ ಸೇರಿಸಿ.

ವೈಕಂನಲ್ಲಿ ಸೆರೆಗೆ ಹೋದ ಕೆ. ಕೇಳಪ್ಪನ್, ಮೂವತ್ತು ವರ್ಷಗಳಾಚೆ, 1957ರಲ್ಲಿ ವಿನೋಬಾರ ಕೇರಳ ಪಾದಯಾತ್ರೆಯ ಕಾಲದಲ್ಲಿ ಶಾಂತಿಸೇನೆಯ ಮುಂದಾಳಾದರು. ಆ ಆಗಸ್ಟಿನಲ್ಲಿ ವಿನೋಬಾ ನಮ್ಮ ಗೋವಿಂದ ಪೈಗಳ ಮಂಜೇಶ್ವರದ ದಾರಿಯಾಗಿ ಅಂದಿನ ಮೈಸೂರು ರಾಜ್ಯಕ್ಕೆ ಕಾಲಿಟ್ಟರು. ಐದು ಸಾವಿರ ಜನಕ್ಕೊಬ್ಬ ಶಾಂತಿಸೈನಿಕ, ದೇಶಕ್ಕೆ ಎಪ್ಪತ್ತು ಸಾವಿರ ಎಂಬುದು ಅವರ ಲೆಕ್ಕ. ಎಣಿಕೆ ಎಂದೂ ಆ ಮಟ್ಟಕ್ಕೆ ಏರಲಿಲ್ಲ.

ಪ್ರವಾಸದಿಂದ ಮರಳಿ ಇದನ್ನೆಲ್ಲ ಚರ್ಚಾಕೂಟದಲ್ಲಿ ಹೇಳಿದಾಗ ಆ ಹಿರಿಯರು ಮತ್ತೆ ಕೇಳಿದರು: "ಐದು ಸಾವಿರಕ್ಕೊಬ್ಬನೆಂದರೆ ನಮ್ಮ ಸಂಘದ ಕುಟುಂಬಗಳನ್ನೆಲ್ಲ ಸೇರಿಸಿದರೂ ಒಬ್ಬನ ಪಾಲೂ ಬರುವುದಿಲ್ಲ. ಆದರೂ ನಾಳೆ ನಮ್ಮ ಬಡಾವಣೆಯಲ್ಲಿ ಗಲಭೆಯಾದರೆ ನಡುವೆ ಹೋಗಿ ನಿಲ್ಲುವ ಆ ಒಬ್ಬರು ಇಲ್ಲಿ ಯಾರಿದ್ದೀರಿ?" ಯಾರೂ ಕೈ ಎತ್ತಲಿಲ್ಲ. ನಾವೂ ಎತ್ತಲಿಲ್ಲ.